ವೆಲ್ಲಿಂಗ್ಟನ್ನಿನ ವೀರಗಲ್ಲು

ಮಂಜೂರಿನಿಂದ ಹೊರಟ ಬಸ್ಸು ಚಹಾ ತೋಟಗಳ ನಡುವೆ ಸುಮಾರು 30 ಕಿಲೋಮೀಟರ್ ಸುತ್ತಿ ಬಳಸಿ ಕೂನೂರು ಸೇರುತ್ತದೆ. ಅಲ್ಲಿಂದ ಊಟಿಯ ಕಡೆ ತಿರುಗಿದರೆ ಸ್ವಲ್ಪ ಹೊತ್ತಿನಲ್ಲೇ ವೆಲ್ಲಿಂಗ್ಟನ್ ದಂಡುಪ್ರದೇಶ. ಮದ್ರಾಸ್ ರೆಜಿಮೆಂಟಿನ ಕೇಂದ್ರವೂ ಅದರ ಯುದ್ಧ ಸ್ಮಾರಕವೂ ಇರುವುದು ಇಲ್ಲೇ. ನೀಲಗಿರಿಗೆ ಬಂದವರು ಸಿಮ್ಸ್ ಪಾರ್ಕ್, ಡಾಲ್ಫಿನ್ಸ್ ನೋಸ್ ನೋಡಿ ಊಟಿಗೆ ಹೋಗಿಬಿಡುತ್ತಾರೆ. ಕನ್ನಡಿಗರು ಹಾಗೆ ಹೋಗಬಾರದು, ಏಕೆಂದರೆ ಈ ಸ್ಮಾರಕ ನಮ್ಮವರದೂ ಹೌದು.

ಮದ್ರಾಸ್ ರೆಜಿಮೆಂಟಿನ ಚರಿತ್ರೆ 1758ರಿಂದ ಆರಂಭವಾಗುತ್ತದೆ. ಭಾರತೀಯ ಸೇನೆಯ ಕಾಲ್ದಳಗಳಲ್ಲಿ ಇದೇ ಹಿರಿಯದು. ಇದರ ಲಾಂಛನದಲ್ಲಿರುವ ಆನೆ 1803ರ ಅಸ್ಸೇಯ ಯುದ್ಧದ ಗುರುತು. ಸ್ವಧರ್ಮವನ್ನು ಪಾಲಿಸುತ್ತ ಸಾಯುವುದೇ ಮೇಲು ಎಂಬ ಗೀತೆಯ ಮಾತು ಇದರ ಧ್ಯೇಯವಾಕ್ಯ. ಹೆಸರಿನಲ್ಲಿ ಮದ್ರಾಸ್ ಎಂದಿದ್ದರೂ ದಕ್ಷಿಣದ ಎಲ್ಲ ರಾಜ್ಯಗಳ ಹುಡುಗರೂ ಇಲ್ಲಿದ್ದಾರೆ. ಸ್ವಾತಂತ್ರ್ಯಾನಂತರ ಮೈಸೂರು ಸಂಸ್ಥಾನದ ಕಾಲ್ದಳವೂ ಇದರಲ್ಲೇ ಸೇರಿ 18ನೇ ಬೆಟಾಲಿಯನ್ ಆಯಿತು.

2016ರ ಫೆಬ್ರುವರಿ 3ರಂದು ಸಿಯಾಚಿನ್‌ನಲ್ಲಿ ಹಿಮ ಕುಸಿದು 19ನೇ ಬೆಟಾಲಿಯನ್ನಿನ 10 ಮಂದಿ ಅದರಡಿ ಸಿಲುಕಿದರು. ಅವರಲ್ಲಿ ಮೂವರು ಕರ್ನಾಟಕದವರು: ಹಾಸನದ ಸುಬೇದಾರ್ ನಾಗೇಶ, ಮೈಸೂರು ಜಿಲ್ಲೆಯ ಸಿಪಾಯಿ ಮಹೇಶ, ಧಾರವಾಡ ಜಿಲ್ಲೆಯ ಬೆಟದೂರಿನ ಲ್ಯಾನ್ಸ್ ನಾಯಕ್ ಹನುಮಂತಪ್ಪ ಕೊಪ್ಪದ. ದಿನಗಳು ಕಳೆದ ಮೇಲೆ ಹನುಮಂತಪ್ಪ ಜೀವಂತ ಸಿಕ್ಕಾಗ ನಾಡೆಲ್ಲ ದೇವರಿಗೆ ಹರಕೆ ಹೊತ್ತಿತು. ಫೆಬ್ರುವರಿ 11ರಂದು ದೆಹಲಿಯ ಆಸ್ಪತ್ರೆಯಲ್ಲಿ ಅವರು ತೀರಿಕೊಂಡರು. ಈ ಯೋಧರು ಸಿಲುಕಿದ ಹಿಮದ ನೆಲಕ್ಕೆ ಮನೆಯವರು ಹೋಗಿ ಹೂವಿಡಲಾರರು. ಆದರೆ ಅವರ ರೆಜಿಮೆಂಟಿನ ಮನೆಯಾದ ವೆಲ್ಲಿಂಗ್ಟನ್ನಿಗೆ ಬಂದು ತಲೆಬಾಗಬಹುದು. ಕಾರ್ಗಿಲ್ ವಿಜಯ ದಿವಸವಾದ ಜುಲೈ 26ರಂದು, 1971ರ ಗೆಲುವನ್ನು ನೆನೆಯುವ ಡಿಸೆಂಬರ್ 16ರಂದು ಸೈನ್ಯಾಧಿಕಾರಿಗಳೂ ನಿವೃತ್ತ ಯೋಧರೂ ಸ್ಮಾರಕಕ್ಕೆ ಪುಷ್ಪಚಕ್ರ ಅರ್ಪಿಸುತ್ತಾರೆ.

ಮಡಿದವರಿಗೆ ಕಲ್ಲು ನಿಲ್ಲಿಸುವುದು ಈ ಬೆಟ್ಟಗಳಿಗೆ ಸೈನ್ಯ ತಂದ ಪದ್ಧತಿಯಲ್ಲ. ಕನ್ನಡ ನಾಡಿನಲ್ಲಿ ಊರಿನ ದನ ಕಾಯಲು, ಹೆಣ್ಣುಮಕ್ಕಳ ಮಾನ ಉಳಿಸಲು ಹೋರಾಡಿ ಸತ್ತವನಿಗೆ ವೀರಗಲ್ಲು ನೆಡುತ್ತಿದ್ದರು. ನೀಲಗಿರಿಯಲ್ಲೂ ಮೇಲೂರು, ಶೋಲೂರು, ಕೋತಗಿರಿ ಬಳಿಯ ಬಾಣಗುಡಿ ಶೋಲೆಗಳಲ್ಲಿ ಕಲ್ಲುಚಪ್ಪಡಿಗಳ ಪುಟ್ಟ ಗುಡಿಗಳಿವೆ. ಮೇಲೂರು, ಶೋಲೂರುಗಳ ಚಪ್ಪಡಿಗಳ ಮೇಲೆ ಕೆತ್ತನೆಗಳಿವೆ. ನೀಲಗಿರಿಯ ಕಮಿಷನರ್ ಆಗಿದ್ದ ಜೇಮ್ಸ್ ಬ್ರೀಕ್ಸ್ ಬರೆದು 1873ರಲ್ಲಿ ಪ್ರಕಟವಾದ ಪುಸ್ತಕದಲ್ಲಿ ಇಂಥ ಕಲ್ಲುಗಳ ವಿವರವಿದೆ. ಇವನ್ನು ವೀರಗಲ್ಲಿನ ಸಂಪ್ರದಾಯಕ್ಕೆ ಸೇರಿಸಿದ ವಿದ್ವಾಂಸರಿದ್ದಾರೆ. ವೆಲ್ಲಿಂಗ್ಟನ್ನಿನ ಸ್ಮಾರಕ ಅದೇ ಸಾಲಿನ ಹೊಸ ಕಲ್ಲು.

ಸೈನ್ಯಕ್ಕೂ ಇಲ್ಲಿನ ಜನಕ್ಕೂ ಇರುವ ನಂಟು ಎಂಥದೆಂದು 2021ರ ಡಿಸೆಂಬರ್ 8ರಂದು ದೇಶ ಕಂಡಿತು. ರಕ್ಷಣಾ ಪಡೆಗಳ ಮುಖ್ಯಸ್ಥರಾಗಿದ್ದ ಜನರಲ್ ಬಿಪಿನ್ ರಾವತ್ ಅವರಿದ್ದ ಹೆಲಿಕಾಪ್ಟರ್ ವೆಲ್ಲಿಂಗ್ಟನ್ನಿಗೆ ಬರುವ ದಾರಿಯಲ್ಲಿ ನಂಜಪ್ಪಸತ್ರದ ಬಳಿ ಬಿದ್ದಿತು. ಮೊದಲು ಓಡಿಬಂದವರು ಆ ಊರಿನ ಜನ. ಮನೆಯ ಕಂಬಳಿಗಳನ್ನೇ ತಂದು ಗಾಯಾಳುಗಳನ್ನು ಸಾಗಿಸಲು ಕೊಟ್ಟರು. ಮರುದಿನ ಮಡಿದವರ ಪಾರ್ಥಿವ ಶರೀರಗಳು ವೆಲ್ಲಿಂಗ್ಟನ್ನಿನಿಂದ ಸೂಲೂರಿಗೆ ಹೊರಟಾಗ ಜನ ರಸ್ತೆಯ ಬದಿಯಲ್ಲಿ ನಿಂತು ಹೂವೆರಚಿದರು. ಸೈನ್ಯ ಆ ಋಣ ಮರೆಯಲಿಲ್ಲ. ನಂಜಪ್ಪಸತ್ರವನ್ನು ಒಂದು ವರ್ಷ ದತ್ತು ತೆಗೆದುಕೊಂಡು, ಅಲ್ಲಿ ತಿಂಗಳಿಗೊಮ್ಮೆ ವೈದ್ಯಕೀಯ ತಪಾಸಣೆ ನಡೆಸುವುದಾಗಿ ಪ್ರಕಟಿಸಿತು.

ವೆಲ್ಲಿಂಗ್ಟನ್ನಿನ ಕಲ್ಲನ್ನು ಕಾಯಲು ಒಂದು ರೆಜಿಮೆಂಟೇ ಇದೆ. ಮೇಲೂರಿನ ಕಲ್ಲುಗಳಿಗೆ ಸುತ್ತಲಿನ ಹಟ್ಟಿಗಳ ಜನರೂ ಕಾವಲಾಗಬೇಕು. ಮಂಜೂರು ಸೀಮೆಯ ಶಾಲೆಗಳು ಮಕ್ಕಳನ್ನು ವರ್ಷಕ್ಕೊಮ್ಮೆ ಈ ಎರಡೂ ಕಡೆ ಕರೆದೊಯ್ಯಬೇಕು. ಹನುಮಂತಪ್ಪ, ನಾಗೇಶ, ಮಹೇಶರ ಹೆಸರನ್ನು ಅವರು ಬಾಯಾರೆ ಹೇಳುವಂತಾಗಬೇಕು. ತಮ್ಮೂರ ಪಕ್ಕದ ಕಲ್ಲಿನಲ್ಲಿ ನಿಂತವನೂ ಅಂಥದೇ ಒಬ್ಬ ಮಗ ಎಂದು ತಿಳಿದ ಮಕ್ಕಳು ಆ ಕಲ್ಲನ್ನು ಕೆಡವಲು ಯಾರಿಗೂ ಬಿಡಲಾರರು.