ಘಟ್ಟದ ಮಳೆಯೂ ನಮ್ಮ ಕೊಡದ ನೀರೂ

ಬೇಸಗೆಯ ರಜೆಯನ್ನು ಮಲೆನಾಡಿನ ನಂಟರ ಮನೆಯಲ್ಲಿ ಕಳೆದು ಜೂನ್ ತಿಂಗಳಲ್ಲಿ ಚೆನ್ನೈಗೆ ಮರಳುವ ನಮ್ಮಲ್ಲಿ ಹಲವರಿಗೆ ಒಂದು ವಿಚಿತ್ರವು ತೋರಿರಬಹುದು. ಅಲ್ಲಿ ಹಂಚಿನ ಮಾಡಿನಿಂದ ನೀರು ಧಾರೆಗಟ್ಟಿ ಸುರಿಯುತ್ತಿರುವಾಗ ಇಲ್ಲಿ ನಾವು ಬೆವರೊರಸಿಕೊಳ್ಳುತ್ತ ತರಗತಿಯಲ್ಲಿ ಕುಳಿತಿರುತ್ತೇವೆ. ಆಗುಂಬೆಯೂ ಚೆನ್ನೈಯೂ 13 ಡಿಗ್ರಿ ಉತ್ತರ ಅಕ್ಷಾಂಶದ ಆಸುಪಾಸಿನಲ್ಲಿಯೇ ಇವೆ. ಹೀಗಿರಲು ಈ ಭೇದವೇಕೆ? ನಡುವೆ ನಿಂತಿರುವ ಪಶ್ಚಿಮಘಟ್ಟವೇ ಇದಕ್ಕೆ ಮುಖ್ಯ ಕಾರಣ.

ನೈಋತ್ಯ ಮಾರುತವು ಅರಬ್ಬೀ ಸಮುದ್ರದಿಂದ ನೀರಾವಿಯನ್ನು ಹೊತ್ತು ಬರುತ್ತದೆ. ಕರಾವಳಿಯನ್ನು ದಾಟಿದೊಡನೆ ಘಟ್ಟದ ಗೋಡೆಯು ಅದಕ್ಕೆ ಎದುರಾಗುತ್ತದೆ. ಪಾಲಕ್ಕಾಡಿನ ಕಂಡಿಯಂತಹ ಎಡೆಯನ್ನು ಬಿಟ್ಟರೆ ಗಾಳಿಗೆ ಮೇಲೇರದೆ ಗತ್ಯಂತರವಿಲ್ಲ. ಎತ್ತರಕ್ಕೆ ಹೋದಂತೆಲ್ಲ ವಾಯುವಿನ ಒತ್ತಡವು ಕಡಮೆ. ಆದುದರಿಂದ ಏರಿದ ಗಾಳಿಯು ಹಿಗ್ಗುತ್ತದೆ, ಹಿಗ್ಗಿದಂತೆ ತಣ್ಣಗಾಗುತ್ತದೆ. (ಸೈಕಲ್ಲಿನ ಟ್ಯೂಬಿನಿಂದ ಹೊರನುಗ್ಗುವ ಗಾಳಿಗೆ ಬೆರಳನ್ನೊಡ್ಡಿ ನೋಡಿರಿ.) ಒಣಗಾಳಿಯಾದರೆ ಒಂದು ಕಿಲೋಮೀಟರು ಏರುವಷ್ಟರಲ್ಲಿ ಸುಮಾರು 10 ಡಿಗ್ರಿ ಸೆಲ್ಸಿಯಸ್ ತಣಿಯುತ್ತದೆ. ತಣಿದ ಗಾಳಿಯಲ್ಲಿ ಆವಿಯೆಲ್ಲವೂ ಆವಿಯಾಗಿಯೇ ಉಳಿಯಲಾರದು. ಹನಿಗಟ್ಟಿ ಮೋಡವಾಗುತ್ತದೆ, ಮಳೆಯಾಗಿ ಬೀಳುತ್ತದೆ. ಸುಮಾರು 650 ಮೀಟರ್ ಎತ್ತರದಲ್ಲಿ, ಘಟ್ಟದ ಅಂಚಿನಲ್ಲಿರುವ ಆಗುಂಬೆಯಲ್ಲಿ ವರ್ಷಕ್ಕೆ ಸರಾಸರಿ 700 ಸೆಂಟಿಮೀಟರಿಗೂ ಮಿಕ್ಕ ಮಳೆ.

ಎತ್ತರ ಹೆಚ್ಚಿದಷ್ಟೂ ಮಳೆಯೂ ಹೆಚ್ಚೆಂದು ಭಾವಿಸಬಾರದು. ಉದಕಮಂಡಲವು 2,200 ಮೀಟರಿಗೂ ಎತ್ತರದಲ್ಲಿದೆ. ಆದುದರಿಂದಲೇ ಮೇ ತಿಂಗಳಲ್ಲಿಯೂ ಅಲ್ಲಿ ತಂಪು. ಆದರೆ ಆಗುಂಬೆಯ ಮಳೆಯಲ್ಲಿ ಕಾಲುಭಾಗವೂ ಅಲ್ಲಿ ಬೀಳದು. ಗಾಳಿಗೆ ಎದೆಯೊಡ್ಡಿದ ಪಾರ್ಶ್ವಕ್ಕೇ ಮಳೆಯ ಸಿಂಹಪಾಲು.

ನೆತ್ತಿಯನ್ನು ದಾಟಿ ಇಳಿಯುವ ಗಾಳಿಯ ಕಥೆಯು ಇದಕ್ಕೆ ವಿಪರೀತ. ಅದು ಅದುಮಲ್ಪಟ್ಟು ಬಿಸಿಯಾಗುತ್ತದೆ, ಮೋಡಗಳು ಕರಗುತ್ತವೆ. ಚಳ್ಳಕೆರೆಯಲ್ಲಿ ವರ್ಷವೆಲ್ಲ ಕೂಡಿ ಸುಮಾರು 50 ಸೆಂಟಿಮೀಟರ್ ಮಳೆಯಾದರೆ ಅದೇ ಭಾಗ್ಯ. ಇಂತಹ ನಾಡಿಗೆ ಮಳೆಯ ನೆರಳಿನ ಪ್ರದೇಶವೆಂದು ಹೆಸರು. ಜೂನ್, ಜುಲೈ ತಿಂಗಳುಗಳಲ್ಲಿ ಚೆನ್ನೈಗೆ ದೊರೆಯುವುದು ಬಹುಮಟ್ಟಿಗೆ ನೆಲದ ಕಾವಿನಿಂದೇಳುವ ಸಂಜೆಯ ಗುಡುಗುಮಳೆ. ನಮ್ಮ ವರ್ಷದ ಸುಮಾರು 140 ಸೆಂಟಿಮೀಟರ್ ಮಳೆಯಲ್ಲಿ ಅರ್ಧಕ್ಕೂ ಹೆಚ್ಚಿನ ಪಾಲು ಅಕ್ಟೋಬರಿನಿಂದ ಡಿಸೆಂಬರಿನವರೆಗೆ ಬಂಗಾಳ ಕೊಲ್ಲಿಯಿಂದ ಬರತಕ್ಕುದು.

ಹಾಗಾದರೆ ಘಟ್ಟವು ನಮ್ಮ ಪಾಲಿನ ಮಳೆಯನ್ನು ಕಸಿದುಕೊಂಡಿತೆ? ನಾವೂ ಒಮ್ಮೆ ಹಾಗೆಯೇ ಎಣಿಸಿದ್ದೆವು. 2019ರ ಬೇಸಗೆಯಲ್ಲಿ ಪೂಂಡಿ, ಚೋಳವರಂ, ಪುಳಲ್, ಚೆಂಬರಂಬಾಕ್ಕಂ ಜಲಾಶಯಗಳು ನಾಲ್ಕೂ ಬಹುತೇಕ ಬತ್ತಿದವು. ನಸುಕಿನಲ್ಲೆದ್ದು ಕೊಡಗಳನ್ನು ಸಾಲಾಗಿಟ್ಟು ಟ್ಯಾಂಕರಿನ ಹಾದಿ ಕಾದುದನ್ನು ನಾವು ಮರೆತಿಲ್ಲ. ಜುಲೈ 12ರಂದು ಜೋಲಾರಪೇಟೆಯಿಂದ ರೈಲುಗಾಡಿಯು ಸುಮಾರು 25 ಲಕ್ಷ ಲೀಟರ್ ನೀರನ್ನು ಹೊತ್ತು ಬಂದಿತು. ಅದು ಕಾವೇರಿಯ ನೀರು! ವೀರಾಣಂ ಕೆರೆಯಿಂದ 2004ರಿಂದ ನಮಗೆ ಬರುತ್ತಿರುವುದೂ ಬಹುಪಾಲು ಕಾವೇರಿಯದೇ. ಆ ನದಿಯಾದರೋ ಕೊಡಗಿನ ತಲಕಾವೇರಿಯಲ್ಲಿ, ಅದೇ ಘಟ್ಟದಲ್ಲಿ ಹುಟ್ಟಿದುದು. ಪೂಂಡಿಗೆ 1996ರಲ್ಲಿ ಮೊದಲು ಬಂದು ಸೇರಿದ ಕೃಷ್ಣೆಯ ತವರು ಮಹಾಬಲೇಶ್ವರವೂ ಅದೇ ಘಟ್ಟದ ಸಾಲು. ಜೂನ್ ತಿಂಗಳಲ್ಲಿ ಆಕಾಶಮಾರ್ಗವಾಗಿ ನಮ್ಮನ್ನು ತಲುಪದ ಮಳೆಯು ಹೊಳೆ, ಅಣೆಕಟ್ಟು, ಕಾಲುವೆ, ಕೊಳವೆಗಳನ್ನು ಹಾದು, ತಿಂಗಳುಗಳ ತರುವಾಯ ನಮ್ಮ ಅಡಿಗೆಮನೆಯ ಕೊಡಕ್ಕೆ ಬಂದು ಬೀಳುತ್ತದೆ.