ಲೇತ್ ಮಷೀನ್ ರೇಟು ಯಾರ ಕೈಲಿದೆ? ಕೊಳ್ಳೋ ಮುಂಚೆ ಈ ಲೆಕ್ಕ ನೋಡಿ

ಶಿರಾ: ಬೋರ್‌ವೆಲ್ ಪಂಪಿನ ಶಾಫ್ಟ್ ಸವೆದರೆ, ಟ್ರಾಕ್ಟರ್ ಪಿನ್ ಮುರಿದರೆ, ಪುಲ್ಲಿಯ ತೂತು ಅಗಲವಾದರೆ ನಾವು ಮೊದಲು ಓಡೋದು ಲೇತ್ ಇರೋ ವರ್ಕ್‌ಶಾಪಿಗೆ. ಊರಲ್ಲಿ ಲೇತ್ ಇಲ್ಲದಿದ್ರೆ ತುಮಕೂರಿಗೆ ಹೋಗಬೇಕು. ಒಂದು ದಿನ ಹೋಯ್ತು, ಅಷ್ಟೊತ್ತಿಗೆ ತೋಟ ಒಣಗುತ್ತೆ.

ಆದ್ರೆ ಹೊಸ ಲೇತ್ ಹಾಕಬೇಕು ಅಂತ ಹೊರಟ ವರ್ಕ್‌ಶಾಪಿನವರಿಗೆ ಮೂರು ಕಡೆ ಕೇಳಿದ್ರೆ ಮೂರು ರೇಟು. ಹೋದ ವರ್ಷದ ಕೊಟೇಶನ್ ಈ ವರ್ಷ ನಡೆಯಲ್ಲ. ಇದು ಬರೀ ಡೀಲರ್ ಆಟ ಅಲ್ಲ. ರೇಟು ಏರೋದಕ್ಕೆ, ಇಳಿಯೋದಕ್ಕೆ ಕಾರಣಗಳಿವೆ. ಅವು ಗೊತ್ತಿದ್ರೆ ಚೌಕಾಸಿ ಮಾಡೋದು ಸುಲಭ.

ಮಷೀನ್ ಬರೋದು ಎಲ್ಲಿಂದ?

ತುಮಕೂರು ಕಡೆಯವರಿಗೆ ಎಚ್‌ಎಂಟಿ ಅಂದ್ರೆ ವಾಚ್ ನೆನಪಾಗುತ್ತೆ. ಆದ್ರೆ 1953ರಲ್ಲಿ ಬೆಂಗಳೂರಿನಲ್ಲಿ ಈ ಕಂಪನಿ ಶುರುವಾಗಿದ್ದು ಲೇತ್‌ನಂಥ ಮಷೀನ್ ಮಾಡೋದಕ್ಕೆ. ವಾಚ್ ಬಂದಿದ್ದು ಆಮೇಲೆ. ಇವತ್ತಿಗೂ ಹಳೇ ಎಚ್‌ಎಂಟಿ ಲೇತ್‌ಗೆ ಸೆಕೆಂಡ್ ಹ್ಯಾಂಡ್ ಮಾರ್ಕೆಟ್‌ನಲ್ಲಿ ಬೆಲೆ ಇದೆ.

ಈಗ ಸಣ್ಣ ವರ್ಕ್‌ಶಾಪ್‌ಗಳು ಕೊಳ್ಳುವ ಸಾದಾ ಲೇತ್‌ಗಳು ಹೆಚ್ಚಾಗಿ ಬರೋದು ಪಂಜಾಬಿನ ಬಟಾಲಾ, ಲುಧಿಯಾನ ಮತ್ತು ಗುಜರಾತಿನ ರಾಜ್‌ಕೋಟ್‌ನಿಂದ. ಕಂಪ್ಯೂಟರ್ ಹೇಳಿದಂತೆ ಕಡೆಯುವ ಸಿಎನ್‌ಸಿ ಮಷೀನ್‌ಗೆ ಬೆಂಗಳೂರಿನ ಪೀಣ್ಯ ದೊಡ್ಡ ಹೆಸರು. ನಮ್ಮ ಜಿಲ್ಲೆಯ ವಸಂತನರಸಾಪುರದಲ್ಲೂ ಇಂಥ ಉದ್ಯಮಕ್ಕೆಂದೇ ಮಷೀನ್ ಟೂಲ್ ಪಾರ್ಕ್ ಮಾಡಿದ್ದಾರೆ.

ರೇಟು ಏರಿಸುವ ಮೂರು ಕಾರಣ

ಮೊದಲನೇದು ಬೀಡು ಕಬ್ಬಿಣ. ಲೇತ್‌ನ ತೂಕದಲ್ಲಿ ಹೆಚ್ಚಿನ ಪಾಲು ಎರಕದ ಬೀಡು. ಪಿಗ್ ಐರನ್ ಮತ್ತು ಗುಜರಿ ದರ ಏರಿದ್ರೆ ಬಟಾಲಾದಲ್ಲಿ ಎರಕದ ರೇಟು ಏರುತ್ತೆ, ಅಲ್ಲಿಂದ ಅದು ನಮ್ಮ ಕೊಟೇಶನ್‌ಗೆ ಬರುತ್ತೆ. 2022ರ ಮೇ ತಿಂಗಳಲ್ಲಿ ಕೇಂದ್ರ ಸರ್ಕಾರ ಪಿಗ್ ಐರನ್ ಮತ್ತು ಹಲವು ಬಗೆಯ ಉಕ್ಕಿನ ರಫ್ತಿಗೆ ಶೇ 15 ಸುಂಕ ಹಾಕಿತ್ತು. ದೇಶದೊಳಗೆ ದರ ಇಳಿಯಲಿ ಅನ್ನೋದು ಉದ್ದೇಶ. ಅದೇ ವರ್ಷ ನವೆಂಬರ್‌ನಲ್ಲಿ ಅದನ್ನು ವಾಪಸ್ ತೆಗೆದುಕೊಂಡಿತು. ಮೋಟರ್ ವೈಂಡಿಂಗ್‌ಗೆ ತಾಮ್ರ ಬೇಕು, ಅದರ ದರವೂ ಇದಕ್ಕೆ ಸೇರುತ್ತೆ.

ಎರಡನೇದು ಡಾಲರ್. ನಮ್ಮ ದೇಶದಲ್ಲಿ ಬಳಸುವ ಮಷೀನ್ ಟೂಲ್‌ಗಳಲ್ಲಿ ಬೆಲೆಯ ಲೆಕ್ಕದಲ್ಲಿ ಸುಮಾರು ಅರ್ಧದಷ್ಟು ಹೊರಗಿನಿಂದ ಬರುತ್ತೆ. ಇಲ್ಲೇ ಮಾಡಿದ ಸಿಎನ್‌ಸಿ ಆದರೂ ಅದರ ಕಂಟ್ರೋಲರ್ ಹೆಚ್ಚಾಗಿ ಜಪಾನಿನ ಫ್ಯಾನುಕ್ ಅಥವಾ ಜರ್ಮನಿಯ ಸೀಮೆನ್ಸ್ ಕಂಪನಿಯದು. 2014ರಲ್ಲಿ 60 ರೂಪಾಯಿ ಆಸುಪಾಸಿನಲ್ಲಿದ್ದ ಡಾಲರ್ 2024ರಲ್ಲಿ 83 ದಾಟಿತ್ತು. ಸಾದಾ ಲೇತ್‌ಗೆ ಇದರ ಬಿಸಿ ಕಡಿಮೆ, ಸಿಎನ್‌ಸಿಗೆ ಜಾಸ್ತಿ.

ಮೂರನೇದು ಗಾಡಿ ವ್ಯಾಪಾರ. ಮಷೀನ್ ತಯಾರಕರಿಗೆ ದೊಡ್ಡ ಗಿರಾಕಿ ಅಂದ್ರೆ ಕಾರು, ಬೈಕ್ ಕಂಪನಿಗಳು ಮತ್ತು ಅವುಗಳಿಗೆ ಬಿಡಿಭಾಗ ಮಾಡುವವರು. 2019-20ರಲ್ಲಿ ವಾಹನ ಮಾರಾಟ ಕುಸಿದಾಗ ಮಷೀನ್ ಆರ್ಡರ್‌ಗಳೂ ಕುಸಿದವು. ಆರ್ಡರ್ ಕಡಿಮೆ ಇದ್ದಾಗ ಡೀಲರ್ ಮಾತಿಗೆ ಬಗ್ಗುತ್ತಾರೆ. ಜಾಸ್ತಿ ಇದ್ದಾಗ ಅಡ್ವಾನ್ಸ್ ಕೊಟ್ಟೂ ಕಾಯಬೇಕು.

ಕೊಟೇಶನ್ ಬೇರೆ, ಕೈಯಿಂದ ಹೋಗೋದು ಬೇರೆ

ಲೆಕ್ಕಕ್ಕೆ ಅಂತ ಒಂದು ಲೇತ್ 3 ಲಕ್ಷ ರೂಪಾಯಿ ಅಂದುಕೊಳ್ಳಿ. ಜಿಎಸ್‌ಟಿ ಶೇ 18, ಅಂದ್ರೆ 54 ಸಾವಿರ. ಒಟ್ಟು 3.54 ಲಕ್ಷ. ರೆಗ್ಯುಲರ್ ಜಿಎಸ್‌ಟಿ ನೋಂದಣಿ ಇರುವವರು ಈ 54 ಸಾವಿರವನ್ನು ಇನ್‌ಪುಟ್ ಕ್ರೆಡಿಟ್ ಆಗಿ ಹೊಂದಿಸಿಕೊಳ್ಳಬಹುದು. ನೋಂದಣಿ ಇಲ್ಲದವರಿಗೆ, ಕಂಪೋಸಿಷನ್‌ನಲ್ಲಿ ಇರುವವರಿಗೆ ಅದು ಸಿಗಲ್ಲ. ಅಷ್ಟೂ ಕೈಯಿಂದಲೇ ಹೋಗುತ್ತೆ. ನಮ್ಮ ಕಡೆಯ ಸಣ್ಣ ವರ್ಕ್‌ಶಾಪಿನವರು ಎಡವೋದು ಇಲ್ಲೇ.

ಕೊಟೇಶನ್‌ನಲ್ಲಿ 'ಎಕ್ಸ್ ವರ್ಕ್ಸ್' ಅಂತ ಇದ್ರೆ ಅದು ಕಾರ್ಖಾನೆ ಬಾಗಿಲಿನ ರೇಟು. ಲಾರಿ ಬಾಡಿಗೆ, ಕ್ರೇನ್, ಕೆಳಗೆ ಹಾಕೋ ಕಾಂಕ್ರೀಟ್ ನಿಮ್ಮದೇ. ಮೋಟರ್, ಚಕ್, ಸ್ಟೆಡಿ, ಗೇರ್ ಸೆಟ್ ಸೇರಿದೆಯಾ ಅಂತ ಬರೆಸಿಕೊಳ್ಳಿ. ತ್ರೀ ಫೇಸ್ ಕರೆಂಟ್ ಇಲ್ಲದಿದ್ರೆ ಆ ಖರ್ಚೂ ಸೇರಿಸಿ.

ಸಾಲದ ಲೆಕ್ಕ ಹೀಗಿದೆ. 3 ಲಕ್ಷಕ್ಕೆ ಶೇ 12 ಬಡ್ಡಿ, 5 ವರ್ಷ ಅಂದ್ರೆ ತಿಂಗಳ ಕಂತು ಸುಮಾರು 6,700 ರೂಪಾಯಿ. ತಿಂಗಳಿಗೆ 25 ದಿನ ಕೆಲಸ ಅಂದ್ರೂ ದಿನಕ್ಕೆ 270 ರೂಪಾಯಿ ಬರೀ ಕಂತಿಗೆ ಬೇಕು. ಕರೆಂಟ್ ಬಿಲ್, ಟರ್ನರ್ ಕೂಲಿ ಬೇರೆ. ವರ್ಕ್‌ಶಾಪಿನವರು ಕೆಲಸದ ರೇಟು ಏರಿಸಿದಾಗ ಗಿರಾಕಿಗಳು ಬೈಕೊಳ್ಳೋ ಮುಂಚೆ ಇದನ್ನೂ ನೆನಪಿಟ್ಟುಕೊಳ್ಳಬೇಕು. ಆಸ್ತಿ ಅಡವಿಡದೆ ಸಿಗುವ ಮುದ್ರಾ ಸಾಲದಲ್ಲಿ ಮೊದಲ ಸಲ ಕೇಳುವವರು 10 ಲಕ್ಷದವರೆಗೆ ಕೇಳಬಹುದು.

ಸೆಕೆಂಡ್ ಹ್ಯಾಂಡ್ ಆದ್ರೆ?

ದೊಡ್ಡ ಕಾರ್ಖಾನೆಗಳು ಸಿಎನ್‌ಸಿಗೆ ಹೋದಾಗ ಅಲ್ಲಿನ ಹಳೇ ಲೇತ್‌ಗಳು ಮಾರ್ಕೆಟ್‌ಗೆ ಬರುತ್ತವೆ. ಅವುಗಳ ರೇಟಿಗೆ ಒಂದು ತಳ ಇದೆ, ಅದು ಗುಜರಿ ಬೆಲೆ. 2,000 ಕೆಜಿ ಮಷೀನ್, ಗುಜರಿ ಕೆಜಿಗೆ 35 ರೂಪಾಯಿ ಅಂದುಕೊಂಡ್ರೆ 70 ಸಾವಿರ. ಅದಕ್ಕಿಂತ ಕಡಿಮೆಗೆ ಯಾರೂ ಕೊಡಲ್ಲ. ಅದರ ಮೇಲೆ ನೀವು ಕೊಡುವ ದುಡ್ಡೆಲ್ಲ ಮಷೀನಿನ ಕಂಡೀಷನ್‌ಗೆ. ಹಾಗಾಗಿ ಹೊಸ ಪೇಂಟ್ ನೋಡಿ ಮರುಳಾಗಬೇಡಿ.

ಬೆಡ್ ಹೆಚ್ಚಾಗಿ ಸವೆಯೋದು ಚಕ್ ಹತ್ತಿರ, ಯಾಕಂದ್ರೆ ಕೆಲಸ ನಡೆಯೋದು ಅಲ್ಲೇ. ಅಲ್ಲಿ ಕೈಯಾಡಿಸಿ ನೋಡಿ. ಒಂದು ಅಡಿ ರಾಡ್ ಕಟ್ಟಿ, ಅಲ್ಲೇ ಕಡೆಸಿ, ಎರಡೂ ತುದಿಯನ್ನು ಮೈಕ್ರೋಮೀಟರ್‌ನಿಂದ ಅಳೆಯಿರಿ. ವ್ಯತ್ಯಾಸ ಬಂದ್ರೆ ಕಾರಣ ಕೇಳಿ. ಟೈಲ್‌ಸ್ಟಾಕ್ ಪಕ್ಕಕ್ಕೆ ಸರಿದಿದ್ರೆ ಸರಿ ಮಾಡಬಹುದು. ಬೆಡ್ಡೇ ಸವೆದಿದ್ರೆ ರಿಪೇರಿ ಖರ್ಚು ದೊಡ್ಡದು. ಎಲ್ಲ ಸ್ಪೀಡ್‌ನಲ್ಲೂ ಓಡಿಸಿ ಗೇರ್ ಸದ್ದು ಕೇಳಿ.

ಅಡಿ ಮಾತ್ರ ಕೇಳಬೇಡಿ

ಲೇತ್ ಮಾರೋದು ಅಡಿ ಲೆಕ್ಕದಲ್ಲಿ: ಆರಡಿ, ಎಂಟಡಿ, ಹತ್ತಡಿ. ಆದ್ರೆ ನಮ್ಮ ತಾಲ್ಲೂಕಿನಲ್ಲಿ ಬೋರ್‌ವೆಲ್ ಕೆಲಸ ಜಾಸ್ತಿ. 2 ಇಂಚಿನ ಜಿಐ ಪೈಪ್‌ನ ಹೊರ ಅಳತೆ ಸುಮಾರು 60 ಮಿ.ಮೀ. ಸ್ಪಿಂಡಲ್ ತೂತು 52 ಮಿ.ಮೀ. ಇರೋ ಲೇತ್ ತಂದ್ರೆ ಆ ಪೈಪ್ ಒಳಗೇ ಹೋಗಲ್ಲ, ಥ್ರೆಡ್ ಹಾಕೋ ಕೆಲಸ ಪಕ್ಕದ ವರ್ಕ್‌ಶಾಪಿಗೆ ಹೋಗುತ್ತೆ. ಸ್ವಲ್ಪ ಜಾಸ್ತಿ ದುಡ್ಡಾದ್ರೂ 80 ಮಿ.ಮೀ. ತೂತಿನದು ನೋಡೋದು ಲೇಸು.

ಮಷೀನ್‌ಗಳನ್ನು ಒಂದೇ ಕಡೆ ನೋಡಬೇಕು ಅನ್ನೋರಿಗೆ ತುಮಕೂರು ರಸ್ತೆಯ ಬಿಐಇಸಿಯಲ್ಲಿ ಐಮ್‌ಟೆಕ್ಸ್ ಮೇಳ ನಡೆಯುತ್ತೆ. ಲೇತ್‌ನಂಥ ಕಡೆಯುವ ಮಷೀನ್‌ಗಳ ಮೇಳ ಬೆಸ ಸಂಖ್ಯೆಯ ವರ್ಷಗಳಲ್ಲಿ. ಈಗ ಪಕ್ಕದ ಮಾದಾವರದವರೆಗೆ ಮೆಟ್ರೋ ಇದೆ. ಕೊಳ್ಳದಿದ್ರೂ ನಾಲ್ಕು ಕಂಪನಿಯ ರೇಟು ಕೇಳಿ, ಕಾರ್ಡ್ ಇಸ್ಕೊಂಡು ಬನ್ನಿ. ಊರಿನ ಡೀಲರ್ ಮುಂದೆ ಕೂತಾಗ ಉಪಯೋಗಕ್ಕೆ ಬರುತ್ತೆ.