ಬಿಲ್ಲೇ ಬರೆಯದ ಆಸ್ಪತ್ರೆ

ಅಮೆರಿಕದ ಟೆನೆಸೀ ರಾಜ್ಯದ ಮೆಂಫಿಸ್ ನಗರದಲ್ಲಿ ಮಕ್ಕಳ ಆಸ್ಪತ್ರೆಯೊಂದಿದೆ. ಕ್ಯಾನ್ಸರ್ ತಗುಲಿದ ಮಗುವನ್ನು ಅಲ್ಲಿಗೆ ಕರೆದೊಯ್ದ ಅಪ್ಪ ಅಮ್ಮನ ಕೈಗೆ ಯಾರೂ ಬಿಲ್ ಕೊಡುವುದಿಲ್ಲ. ಚಿಕಿತ್ಸೆಯಷ್ಟೇ ಅಲ್ಲ, ಬಂದುಹೋಗುವ ಖರ್ಚು, ಉಳಿದುಕೊಳ್ಳುವ ಕೋಣೆ, ಊಟ ಎಲ್ಲವೂ ಆಸ್ಪತ್ರೆಯದೇ. ಒಂದು ಕಾಯಿಲೆ ಬಂದರೆ ಮನೆಮಾರು ಕರಗಿಹೋಗುವ ದೇಶದಲ್ಲಿ ಈ ನಿಯಮ ಅರವತ್ತು ವರ್ಷಗಳಿಂದ ನಡೆದುಬಂದಿದೆ. ಆಸ್ಪತ್ರೆಯ ಹೆಸರು ಸೇಂಟ್ ಜೂಡ್. ಅದನ್ನು ಕಟ್ಟಿಸಿದವರು ವೈದ್ಯರೂ ಅಲ್ಲ, ಉದ್ಯಮಿಯೂ ಅಲ್ಲ. ಟಿವಿಯಲ್ಲಿ ಜನರನ್ನು ನಗಿಸುತ್ತಿದ್ದ ಡ್ಯಾನಿ ಥಾಮಸ್.

ಅದು ಅವರು ತಾವೇ ಇಟ್ಟುಕೊಂಡ ಹೆಸರು. ಲೆಬನಾನಿನಿಂದ ವಲಸೆ ಬಂದ ಬಡ ಕ್ರೈಸ್ತ ದಂಪತಿಗೆ 1912ರಲ್ಲಿ ಮಿಷಿಗನ್ನಿನಲ್ಲಿ ಹುಟ್ಟಿದಾಗ ಅವರು ಅಮೋಸ್ ಯಾಕೂಬ್ ಕೈರೂಜ್. ನೈಟ್‌ಕ್ಲಬ್ಬಿನಲ್ಲಿ ಕೆಲಸ ಮಾಡುವುದು ಮನೆಯವರಿಗೆ ತಿಳಿಯದಿರಲೆಂದು ಅಣ್ಣನ ಹೆಸರನ್ನೂ ತಮ್ಮನ ಹೆಸರನ್ನೂ ಜೋಡಿಸಿಕೊಂಡು ವೇದಿಕೆ ಹತ್ತಿದರು. ಆರಂಭದ ದಿನಗಳಲ್ಲಿ ಸಂಪಾದನೆ ಏನೇನೂ ಸಾಲುತ್ತಿರಲಿಲ್ಲ. ಹೆಂಡತಿ ರೋಸ್ ಮೇರಿ ಚೊಚ್ಚಲ ಬಸುರಿ. ಡೆಟ್ರಾಯ್ಟ್‌ನ ಚರ್ಚೊಂದರಲ್ಲಿ ಕೈಯಲ್ಲಿ ಉಳಿದಿದ್ದ 7 ಡಾಲರನ್ನು ಕಾಣಿಕೆಗೆ ಹಾಕಿ, ಆಸೆ ಕಳೆದುಕೊಂಡವರ ಪಾಲಿನ ಸಂತನೆಂದು ಕ್ಯಾಥೊಲಿಕರು ನಂಬುವ ಸೇಂಟ್ ಜೂಡ್‌ಗೆ ಹರಕೆ ಹೊತ್ತರು: ದಾರಿ ತೋರಿಸು, ನಿನಗೊಂದು ಗುಡಿ ಕಟ್ಟಿಸುತ್ತೇನೆ.

ದಾರಿ ತೆರೆಯಿತು. ಷಿಕಾಗೋದ ಕ್ಲಬ್ಬುಗಳಿಂದ ರೇಡಿಯೋ, ಅಲ್ಲಿಂದ ಸಿನಿಮಾ. 1953ರಲ್ಲಿ ಆರಂಭವಾದ ಟಿವಿ ಧಾರಾವಾಹಿ ‘ಮೇಕ್ ರೂಮ್ ಫಾರ್ ಡ್ಯಾಡಿ’ 11 ವರ್ಷ ನಡೆದು ಅವರನ್ನು ಮನೆಮಾತಾಗಿಸಿತು. ಸದಾ ಊರೂರು ಅಲೆಯುತ್ತ ಹೆಂಡತಿ ಮಕ್ಕಳಿಗೆ ಸಿಗದ ಕಲಾವಿದನ ಕಥೆ ಅದು, ಹೆಚ್ಚುಕಡಿಮೆ ಅವರದೇ ಬದುಕು. ಗುಟುಕರಿಸಿದ ಕಾಫಿಯನ್ನು ಬೆರಗಿನಿಂದ ಬಾಯಿಂದಾಚೆ ಚಿಮ್ಮಿಸುವ ಅವರ ವರಸೆಯನ್ನು ಮುಂದೆ ಎಷ್ಟೋ ನಟರು ಅನುಕರಿಸಿದರು.

ಸಂತನ ಮೂರ್ತಿಯಿಟ್ಟು ಸಣ್ಣದೊಂದು ಗುಡಿ ಕಟ್ಟಿಸಿದ್ದರೂ ಹರಕೆ ತೀರುತ್ತಿತ್ತು. ಥಾಮಸ್ ದೊಡ್ಡವರಾದದ್ದು ಅಷ್ಟಕ್ಕೆ ಒಪ್ಪದೇ ಹೋದದ್ದರಲ್ಲಿ. ಗುಡಿಯ ಬದಲು ಮಕ್ಕಳ ಆಸ್ಪತ್ರೆ ಎಂಬ ಯೋಚನೆ ಗಟ್ಟಿಯಾಯಿತು. ಊರು ಮೆಂಫಿಸ್ ಆಗಲಿ ಎಂದವರು ಷಿಕಾಗೋದ ಕಾರ್ಡಿನಲ್ ಸ್ಟ್ರಿಚ್. ಥಾಮಸ್ ದಂಪತಿ ಕಾರಿನಲ್ಲಿ ದೇಶ ಸುತ್ತಿ ಹಣ ಕೇಳಿದರು. ಒಮ್ಮೆ 32 ದಿನಗಳಲ್ಲಿ 28 ನಗರ. ಕಟ್ಟಿದ ಮೇಲೆ ನಡೆಸುವುದು ಹೇಗೆ? ಅದಕ್ಕಾಗಿ 1957ರಲ್ಲಿ ತಮ್ಮಂತೆಯೇ ಅರಬ್ ನಾಡುಗಳಿಂದ ಬಂದ ಕುಟುಂಬಗಳ ಮುಖಂಡರನ್ನು ಕೂಡಿಸಿ ‘ಅಲ್ಸಾಕ್’ ಸಂಸ್ಥೆ ಕಟ್ಟಿದರು. ನಮಗೆ ಬಾಳು ಕೊಟ್ಟ ದೇಶದ ಋಣ ತೀರಿಸೋಣ ಎಂಬುದು ಅವರು ಮುಂದಿಟ್ಟ ಮಾತು. ಇವತ್ತಿಗೂ ಆಸ್ಪತ್ರೆಯ ಬಹುಪಾಲು ಖರ್ಚು ನಡೆಯುವುದು ಈ ಸಂಸ್ಥೆ ಜನಸಾಮಾನ್ಯರಿಂದ ಕೂಡಿಸುವ ದೇಣಿಗೆಯಿಂದ. ಒಬ್ಬ ನಟನ ಜನಪ್ರಿಯತೆ ಅವನ ಜೊತೆಗೇ ಮುಗಿದುಹೋಗದಂತೆ ಮಾಡಿದ ಈ ಏರ್ಪಾಡು, ಹರಕೆಯ ಕಥೆಗಿಂತ ನನಗೆ ಹೆಚ್ಚು ದೊಡ್ಡದಾಗಿ ಕಾಣುತ್ತದೆ.

1962ರ ಫೆಬ್ರುವರಿ 4ರಂದು ನಕ್ಷತ್ರಾಕಾರದ ಕಟ್ಟಡದ ಬಾಗಿಲು ತೆರೆಯಿತು. ನಕ್ಷೆಯನ್ನು ಉಚಿತವಾಗಿ ಕೊಟ್ಟವರು ಕಪ್ಪು ವಾಸ್ತುಶಿಲ್ಪಿ ಪಾಲ್ ವಿಲಿಯಮ್ಸ್. ಕಪ್ಪು ಮಕ್ಕಳಿಗೆ ಶಾಲೆ, ಹೋಟೆಲು, ಆಸ್ಪತ್ರೆ ಎಲ್ಲವೂ ಬೇರೆಯೇ ಆಗಿದ್ದ ಆ ಊರಿನಲ್ಲಿ ಬಿಳಿ ಮತ್ತು ಕಪ್ಪು ಮಕ್ಕಳು ಅಕ್ಕಪಕ್ಕದ ಹಾಸಿಗೆಗಳಲ್ಲಿ ಮಲಗಿದರು.

ಆಗ ಮಕ್ಕಳಲ್ಲಿ ಹೆಚ್ಚಾಗಿ ಕಾಣುವ ರಕ್ತದ ಕ್ಯಾನ್ಸರಿಗೆ ತುತ್ತಾದ ನೂರು ಮಕ್ಕಳಲ್ಲಿ ಬದುಕುತ್ತಿದ್ದವರು ನಾಲ್ವರು. ಔಷಧ ಕೊಟ್ಟರೆ ಕೆಲವೇ ವಾರಗಳಲ್ಲಿ ಮಗು ಚೇತರಿಸಿಕೊಳ್ಳುತ್ತಿತ್ತು, ತಿಂಗಳುಗಳಲ್ಲಿ ರೋಗ ಮರುಕಳಿಸುತ್ತಿತ್ತು. ಸಾಯುವ ಮಗುವನ್ನು ಯಾಕೆ ಹಿಂಸಿಸಬೇಕು ಎಂದು ವೈದ್ಯರೇ ಕೇಳುತ್ತಿದ್ದ ಕಾಲ. ಆಸ್ಪತ್ರೆಯ ಮೊದಲ ನಿರ್ದೇಶಕ ಡಾ. ಡೊನಾಲ್ಡ್ ಪಿಂಕೆಲ್ ಆ ಮಾತಿಗೆ ಒಪ್ಪಲಿಲ್ಲ. ಔಷಧ ತಲುಪದ ಮಿದುಳಿನ ಪೊರೆಯಲ್ಲಿ ರೋಗದ ಕೋಶಗಳು ಅವಿತಿರುತ್ತವೆ ಎಂಬುದನ್ನು ಗುರಿಯಾಗಿಟ್ಟುಕೊಂಡು, ಹಲವು ಔಷಧಗಳನ್ನು ಒಟ್ಟಿಗೆ ಕೊಟ್ಟು, ತಲೆಗೆ ವಿಕಿರಣ ಹಾಯಿಸಿ, ಬೆನ್ನುಹುರಿಯ ದ್ರವಕ್ಕೂ ಔಷಧ ಚುಚ್ಚಿ, ಚಿಕಿತ್ಸೆಯನ್ನು ವರ್ಷಗಟ್ಟಲೆ ಮುಂದುವರಿಸಿದರು. ಒಂದು ದಶಕದೊಳಗೆ ಅರ್ಧದಷ್ಟು ಮಕ್ಕಳು ಗುಣವಾಗತೊಡಗಿದರು. ವಿಕಿರಣದಿಂದ ಬೆಳೆಯುವ ಮಿದುಳಿಗೆ ಹಾನಿ ಎಂದು ತಿಳಿದಾಗ ಅದಿಲ್ಲದೆಯೂ ಗುಣಪಡಿಸಬಹುದೆಂದು ಮುಂದೆ ತೋರಿಸಿಕೊಟ್ಟದ್ದೂ ಇದೇ ಆಸ್ಪತ್ರೆ. ಈಗ ಅಲ್ಲಿ ಈ ರೋಗದ ಮಕ್ಕಳಲ್ಲಿ ಶೇ 94ರಷ್ಟು ಬದುಕುತ್ತಾರೆ. ಕಂಡುಕೊಂಡದ್ದನ್ನು ಗುಟ್ಟಾಗಿಡದೆ ಜಗತ್ತಿನ ವೈದ್ಯರೊಂದಿಗೆ ಹಂಚಿಕೊಳ್ಳುವುದು ಆರಂಭದಿಂದಲೂ ಅಲ್ಲಿನ ರೂಢಿ.

ಥಾಮಸ್ 1991ರ ಫೆಬ್ರುವರಿ 6ರಂದು, ಆಸ್ಪತ್ರೆಯ ವಾರ್ಷಿಕೋತ್ಸವ ಮುಗಿದ ಎರಡನೇ ದಿನ ತೀರಿಕೊಂಡರು. ಅವರ ಮಕ್ಕಳು ದೇಣಿಗೆಯ ಕೆಲಸವನ್ನು ಮುಂದುವರಿಸಿದರು. ನಟಿಯಾಗಿ ಹೆಸರಾದ ಹಿರಿಮಗಳು ಮಾರ್ಲೊ ಥಾಮಸ್ ಮುಂಚೂಣಿಯಲ್ಲಿ ನಿಂತರು.

ಶ್ರೀಮಂತ ದೇಶಗಳಲ್ಲಿ ಕ್ಯಾನ್ಸರ್ ಬಂದ ಮಕ್ಕಳಲ್ಲಿ ಶೇ 80ಕ್ಕೂ ಹೆಚ್ಚು ಮಂದಿ ಗುಣವಾದರೆ ಬಡ ದೇಶಗಳಲ್ಲಿ ಹಲವೆಡೆ ಶೇ 30 ಕೂಡ ದಾಟುವುದಿಲ್ಲ. ಔಷಧ ಇದೆ, ಆ ಮಕ್ಕಳಿಗೆ ಸಿಗುವುದಿಲ್ಲ. 2021ರಲ್ಲಿ ಸೇಂಟ್ ಜೂಡ್ ಆಸ್ಪತ್ರೆ ವಿಶ್ವ ಆರೋಗ್ಯ ಸಂಸ್ಥೆಯ ಜೊತೆಗೂಡಿ 20 ಕೋಟಿ ಡಾಲರ್ ಹೂಡಿಕೆಯ ಉಚಿತ ಔಷಧ ಯೋಜನೆಯನ್ನು ಘೋಷಿಸಿತು. 2025ರ ಆರಂಭದಲ್ಲಿ ಔಷಧಗಳು ಮಂಗೋಲಿಯಾ ಮತ್ತು ಉಜ್ಬೇಕಿಸ್ತಾನಕ್ಕೆ ಹೊರಟವು. ಮುಂದಿನ ಸರದಿಯ ದೇಶಗಳ ಪಟ್ಟಿಯಲ್ಲಿ ನಮ್ಮ ನೆರೆಯ ನೇಪಾಳವೂ ಇತ್ತು.